ಐಸ್ ಕಾರ್ಖಾನೆಯಲ್ಲಿ ಹುಟ್ಟಿದ ಗ್ರಹನಿದ್ರಾಶಾಸ್ತ್ರ

ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ನಮ್ಮ ಕರಾವಳಿಯಲ್ಲಿ ಯಾಂತ್ರಿಕ ಮೀನುಗಾರಿಕೆಗೆ ನಿಷೇಧ. ಕಾರವಾರದ ಬೈತಖೋಲ ಬಂದರಿನಲ್ಲಿ ದೋಣಿಗಳು ಒಂದಕ್ಕೊಂದು ಒರಗಿ ನಿಂತಿರುತ್ತವೆ. ನಾನು ಲೆಕ್ಕ ಬರೆಯುವ ಐಸ್ ಕಾರ್ಖಾನೆಯಲ್ಲಿ ಬರೆಯಲು ಲೆಕ್ಕವೇ ಇರುವುದಿಲ್ಲ. ಅಂಥದೊಂದು ಮಳೆಗಾಲದಲ್ಲಿ ಕೈ ಸುಮ್ಮನಿರಲಾರದೆ ಒಂದು ಶಾಸ್ತ್ರ ಹುಟ್ಟಿಸಿದೆ. ಹೆಸರು ಗ್ರಹನಿದ್ರಾಶಾಸ್ತ್ರ. ಗ್ರಹಗಳೆಲ್ಲ ಜೀವಿಗಳು, ಸದ್ಯ ನಿದ್ದೆಯಲ್ಲಿವೆ, ಆ ನಿದ್ದೆಯನ್ನು ಅಳೆಯುವುದು ಹೇಗೆ ಎಂಬುದು ಅದರ ವಿಷಯ. ಪೂರ್ತಿ ಕಟ್ಟುಕಥೆ, ಆದರೆ ಪಠ್ಯಪುಸ್ತಕದ ಧಾಟಿಯಲ್ಲಿಯೇ ಬರೆಯಬೇಕೆಂಬ ಹಟ ನನ್ನದು.

ಮೊದಲ ಕರಡು ಕೆಟ್ಟದಾಗಿತ್ತು. ಜ್ವಾಲಾಮುಖಿಯೆಂದರೆ ದುಃಸ್ವಪ್ನ, ಭೂಕಂಪವೆಂದರೆ ಬೆಚ್ಚಿಬೀಳುವುದು, ಸಾಲದ್ದಕ್ಕೆ ಭೂಮಿ ಗೊರಕೆಯನ್ನೂ ಹೊಡೆಯುತ್ತಿತ್ತು. ಶಿರಸಿಯಿಂದ ಬಂದಿದ್ದ ಅಕ್ಕನ ಮಗಳು, ಭೌತಶಾಸ್ತ್ರ ಓದುವವಳು, ನಾಲ್ಕು ಪುಟ ಓದಿ ಕೆಳಗಿಟ್ಟಳು.

"ಮಾವ, ಇದರಲ್ಲಿ ನೀನು ಹೇಳಿದ್ದೆಲ್ಲ ಸರಿಯಾಗುತ್ತಲೇ ಹೋಗುತ್ತದೆ. ನಿನ್ನನ್ನು ತಡೆಯುವವರೇ ಇಲ್ಲ. ಶಾಸ್ತ್ರ ಎಂದಮೇಲೆ ಎಲ್ಲಾದರೂ ಒಂದು ಕಡೆ ಎಡವಬೇಕು."

ಅವಳ ಮಾತು ಚುಚ್ಚಿತು, ಆದರೆ ಸರಿಯಾಗಿತ್ತು. ಗೊರಕೆಯ ಪುಟವನ್ನು ಹರಿದು ಹಾಕಿದೆ. ಹೊಸ ನೋಟ್‌ಬುಕ್ಕಿನ ಮೊದಲ ಹಾಳೆಯಲ್ಲಿ ಒಂದೇ ನಿಯಮ ಬರೆದೆ: ಅಂಕಿಗಳು ಲೋಕದವು, ಅರ್ಥ ಮಾತ್ರ ನನ್ನದು. ಒಂದು ಅಂಕಿಯನ್ನೂ ತಿರುಚುವಂತಿಲ್ಲ.

ಅಂಕಿ ಎಲ್ಲಿಂದ ತರುವುದು? ಬಂದರಿನ ಮೆಟ್ಟಿಲ ಬದಿಗೆ ಒಂದು ಬಿದಿರು ಕಟ್ಟಿ, ಗೇಣಿಗೊಂದು ಕೆಂಪು ಗೆರೆ ಎಳೆದು, 15 ದಿನ ಉಬ್ಬರ ಇಳಿತ ನೋಡುತ್ತ ಕುಳಿತೆ. ಛತ್ರಿ ಎರಡು ಸಲ ಹಾರಿಹೋಯಿತು. ಮೂರನೆಯ ದಿನಕ್ಕೇ ಬಿದಿರಿನ ಕೆಳಗಿನ ಗೆರೆಗಳ ಮೇಲೆ ಹಸಿರು ಲೋಳೆ ಕಟ್ಟಿತು, ಐದನೆಯ ಗೆರೆಯನ್ನು ಒಂದು ಏಡಿ ತನ್ನದೆಂದು ಹಿಡಿದು ಕುಳಿತಿತು. ನೀರು ಅದರ ಕಾಲು ಮುಟ್ಟಿದಾಗ ಗಡಿಯಾರ ನೋಡುತ್ತಿದ್ದೆ. ದಿನಕ್ಕೆ ಎರಡು ಉಬ್ಬರ, ಎರಡೂ ಒಂದೇ ಎತ್ತರವಲ್ಲ. ದಿನದಿಂದ ದಿನಕ್ಕೆ ಮುಕ್ಕಾಲು ಗಂಟೆಯ ಮೇಲಷ್ಟು ತಡ. ಪುಸ್ತಕಗಳು ಹೇಳುವ ಸರಾಸರಿಯೂ ಅದೇ: ಉಬ್ಬರದಿಂದ ಉಬ್ಬರಕ್ಕೆ 12 ಗಂಟೆ 25 ನಿಮಿಷ.

ಅದನ್ನೇ ಒಂದು ಉಸಿರು ಎಂದುಕೊಂಡೆ. ವರ್ಷಕ್ಕೆ ಸುಮಾರು 705 ಉಸಿರು. ಮನುಷ್ಯ ನಿಮಿಷಕ್ಕೆ 15 ಸಲ ಉಸಿರಾಡುತ್ತಾನೆಂದು ಹಿಡಿದರೆ, ಭೂಮಿಯ ಒಂದು ವರ್ಷವೆಂದರೆ ಅದಕ್ಕೆ ನಮ್ಮ 47 ನಿಮಿಷ. ಎಂಬತ್ತು ವರ್ಷ ಬಾಳಿದ ಅಜ್ಜನ ಇಡೀ ಆಯುಸ್ಸು ಅದರ ಎರಡೂವರೆ ದಿನಕ್ಕೆ ಮುಗಿಯಿತು. ಈ ಲೆಕ್ಕ ಬರೆದ ರಾತ್ರಿ ನನಗೇ ನಿದ್ದೆ ಬರಲಿಲ್ಲ.

ಫೋನಿನಲ್ಲಿ ಹೇಳಿದರೆ ಸೊಸೆ, ಅದೇ ಅಕ್ಕನ ಮಗಳು, ಒಪ್ಪಲಿಲ್ಲ. ಚಂದ್ರ ವರ್ಷಕ್ಕೆ 3.8 ಸೆಂಟಿಮೀಟರ್ ದೂರ ಸರಿಯುತ್ತಿದ್ದಾನೆ, ಹಿಂದೆ ಹತ್ತಿರವಿದ್ದ, ಆಗ ದಿನವೂ ಚಿಕ್ಕದು, ಉಬ್ಬರಗಳೂ ಬೇಗ ಬೇಗ. ಹಾಗಾಗಿ ನಿನ್ನ 705 ಎಲ್ಲ ಕಾಲಕ್ಕೂ ನಿಲ್ಲುವುದಿಲ್ಲ ಎಂದಳು. ಎರಡು ದಿನ ಕಂಗೆಟ್ಟೆ. ಆಮೇಲೆ ಪಕ್ಕದ ಮನೆಯ ಬಾಣಂತಿಯ ತೊಟ್ಟಿಲು ನೋಡಿದಾಗ ಹೊಳೆಯಿತು: ಎಳೆಗೂಸು ದೊಡ್ಡವರಿಗಿಂತ ಬೇಗ ಬೇಗ ಉಸಿರಾಡುತ್ತದೆ! ಆಕ್ಷೇಪವನ್ನೇ ಎತ್ತಿಕೊಂಡು ಎರಡನೆಯ ಅಧ್ಯಾಯ ಮಾಡಿದೆ.

ಇನ್ನೊಂದು ಪೆಟ್ಟು ಬಂದರಿನಿಂದಲೇ ಬಂತು. ಬಲೆ ಹೊಲಿಯುತ್ತಿದ್ದ ಮುದಿ ತಾಂಡೇಲ, ಅಂದರೆ ದೋಣಿ ನಡೆಸುವವನು, ಎಲ್ಲ ಕೇಳಿ, "ತಮಾ, ಉಸಿರು ಒಳಗಿನಿಂದ ಬರಬೇಕು. ನೀರನ್ನು ಎಳೆಯುವವನು ಚಂದ್ರ. ಇದು ಉಸಿರಲ್ಲ, ತೊಟ್ಟಿಲು ತೂಗುವುದು" ಎಂದ. ಇದಕ್ಕೆ ನನ್ನಲ್ಲಿ ಉತ್ತರ ಇರಲಿಲ್ಲ. ಈಗಲೂ ಇಲ್ಲ. ಆದ್ದರಿಂದ ಶಾಸ್ತ್ರದೊಳಗೇ ಎರಡು ಪಂಥ ಮಾಡಿದೆ, ಉಸಿರಿನವರು ಮತ್ತು ತೊಟ್ಟಿಲಿನವರು. ಇಬ್ಬರೂ ಪುಟಗಟ್ಟಲೆ ಜಗಳವಾಡುತ್ತಾರೆ. ಬರಹಕ್ಕೆ ಜೀವ ಬಂದದ್ದು ಆಗ.

ಉಳಿದ ಗ್ರಹಗಳು ಸಲೀಸಾದವು. ಯುರೇನಸ್ಸಿನ ಅಕ್ಷ 98 ಡಿಗ್ರಿ ವಾಲಿದೆ, ಅಂದರೆ ಮಗ್ಗುಲಾಗಿ ಮಲಗಿದೆ. ನಾನು ಸೇರಿಸಬೇಕಾದ್ದೇನೂ ಇರಲಿಲ್ಲ. ಮಂಗಳದಲ್ಲಿ ಧ್ರುವದ ಚಳಿಗೆ ಗಾಳಿಯ ಕಾಲುಭಾಗದಷ್ಟು ಹೆಪ್ಪುಗಟ್ಟಿ ನೆಲಕ್ಕಿಳಿಯುತ್ತದೆ, ಬಿಸಿಲು ಬಂದಾಗ ಮತ್ತೆ ಮೇಲೇಳುತ್ತದೆ. ಚಂದ್ರನ ಹಂಗಿಲ್ಲದ ಉಸಿರು! ಉಸಿರಿನ ಪಂಥದವರು ಅದನ್ನು ಎದೆಗವಚಿಕೊಂಡರು.

ಅಷ್ಟರಲ್ಲಿ ಸೊಸೆ ಒಂದು ಸುದ್ದಿ ಕಳಿಸಿದಳು. ಭೂಕಂಪವಿಲ್ಲದ ದಿನವೂ ಭೂಮಿ ಸಣ್ಣಗೆ, ಎಡೆಬಿಡದೆ ಗುನುಗುತ್ತಿರುತ್ತದೆ ಎಂದು 1998ರಲ್ಲಿ ಜಪಾನಿನ ವಿಜ್ಞಾನಿಗಳು ಕಂಡುಕೊಂಡಿದ್ದಾರಂತೆ. ಒಂದೊಂದು ಕಂಪನಕ್ಕೆ ನಿಮಿಷಗಳೇ ಹಿಡಿಯುವುದರಿಂದ ಕಿವಿಗೆ ಕೇಳಿಸದು. ಮುಖ್ಯ ಕಾರಣ ಕಡಲಿನ ಅಲೆಗಳು. ಹರಿದು ಹಾಕಿದ ಗೊರಕೆಯ ಪುಟ ನೆನಪಾಗಿ ಹೊಟ್ಟೆ ಉರಿಯಿತು.

ಆ ವರ್ಷ ಭೂಮಿ ಹುಣ್ಣಿಮೆಗೆ ಶಿರಸಿಗೆ ಹೋದೆ. ಭತ್ತ ತೆನೆ ಕಟ್ಟುವ ಕಾಲ, ಭೂಮಿ ಬಸುರಿ, ಅವಳಿಗೆ ಬಯಕೆಯ ಊಟ ಬಡಿಸುವ ಹಬ್ಬ. ನಸುಕಿನಲ್ಲೇ ನೆರೆಮನೆಯವರು ಚಿತ್ತಾರದ ಭೂಮಣ್ಣಿ ಬುಟ್ಟಿ ಹೊತ್ತು ಗದ್ದೆಗೆ ನಡೆದರು. ನಾವೂ ಹಿಂದೆ ಹೋದೆವು. ಬುಟ್ಟಿಯಿಂದ ಸೊಪ್ಪು ಬೇಯಿಸಿ ಮಾಡಿದ ಹಚ್ಚಂಬಲಿ ತೆಗೆದು ಬದುವಿನುದ್ದಕ್ಕೂ ಬೀರುತ್ತಿದ್ದರು. ಸೊಸೆ ನನ್ನ ಕಿವಿಯಲ್ಲಿ, "ಮಾವ, ನಿದ್ದೆಯಲ್ಲಿರುವವಳು ಉಣ್ಣುತ್ತಾಳೆಯೇ?" ಎಂದಳು. ಮುಂದಿದ್ದ ಹೆಂಗಸಿಗೆ ಅದು ಕೇಳಿಸಿತು. "ಬಸುರಿಗೆ ನಿದ್ದೆ ಎಲ್ಲಿ ಹತ್ತುತ್ತದೆ?" ಎಂದು ತಿರುಗಿಯೂ ನೋಡದೆ ಹೇಳಿ ನಡೆದಳು.

ಮೂರನೆಯ ಪಂಥಕ್ಕೆಂದು ನಾಲ್ಕು ಹಾಳೆ ಖಾಲಿ ಬಿಟ್ಟಿದ್ದೇನೆ. ಈಗ ಬಂಗಡೆಯ ಹಂಗಾಮು, ಐಸಿಗೆ ಲಾರಿಗಳು ಸಾಲುಗಟ್ಟಿವೆ. ಜೂನ್ ಬರಬೇಕು.