ಕಾಯೂದಕ್ಕೂ ಸಂಬಳ ಕೊಡ್ತಾರಾ?

ಉತ್ತರ ಯುರೋಪಿನ ಎಸ್ಟೋನಿಯಾಕ್ಕೆ ಬಂದ ಹೊಸದರಲ್ಲಿ ಪ್ರತಿ ಭಾನುವಾರ ಹೊನ್ನಾವರಕ್ಕೆ ಫೋನ್ ಮಾಡುತ್ತಿದ್ದೆ. ಆಯಿ ಕೇಳುವುದು ಒಂದೇ ಪ್ರಶ್ನೆ, "ಈ ವಾರ ಎಂತ ಮಾಡಿದೆ?" ಒಂದು ಸಲ ಇದ್ದದ್ದು ಇದ್ದ ಹಾಗೆ ಹೇಳಿಬಿಟ್ಟೆ. ಒಬ್ಬ ಮೀನುಗಾರನ ಮನೆ ಹಿಂದೆ ಕ್ಯಾಮೆರಾ ಇಟ್ಟುಕೊಂಡು ಐದು ದಿನ ಕಾದೆವು. ಅವನು ಬಲೆ ಹಾಕಲು ಹೋಗಲೇ ಇಲ್ಲ. ವಾಪಸ್ ಬಂದೆವು. ಆ ಕಡೆ ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ನಿಧಾನವಾಗಿ, "ಕಾಯೂದಕ್ಕೂ ಸಂಬಳ ಕೊಡ್ತಾರಾ ಮಗಾ?"

ಆಗ ನಕ್ಕೆ. ಅಂದಿನಿಂದ ಇವತ್ತಿನವರೆಗೂ ಆ ಪ್ರಶ್ನೆ ನನ್ನ ಬೆನ್ನು ಬಿಟ್ಟಿಲ್ಲ. ಬರೀ ಕ್ಯಾಮೆರಾಮನ್ ಆಗಿದ್ದಾಗ ಕಾಯುವುದಷ್ಟೇ ನನ್ನ ಪಾಲಿನ ಕೆಲಸ. ನಿರ್ಮಾಪಕನೂ ಆದ ಮೇಲೆ ಅದಕ್ಕೆ ದುಡ್ಡು ಹೊಂದಿಸುವುದೂ ನನ್ನ ತಲೆಗೇ ಬಂತು.

ಹೆಸರಘಟ್ಟದಲ್ಲಿ ಸಿನಿಮಾಟೋಗ್ರಫಿ ಡಿಪ್ಲೊಮಾ ಮುಗಿಸಿ, ಬೆಂಗಳೂರಿನಲ್ಲಿ ಮೂರು ವರ್ಷ ಸೀರಿಯಲ್‌ಗಳಿಗೆ ಕ್ಯಾಮೆರಾ ಸಹಾಯಕನಾಗಿ ಫೋಕಸ್ ಎಳೆದು, 2009ರಲ್ಲಿ ರಾಜಧಾನಿ ತಾಲಿನ್‌ಗೆ ಓದಲು ಬಂದೆ. ಓದಿಗಿಂತ ಜಾಸ್ತಿ ಕಲಿತದ್ದು ಒಬ್ಬ ಹಿರಿಯ ಸಾಕ್ಷ್ಯಚಿತ್ರ ಛಾಯಾಗ್ರಾಹಕರ ಕೈಕೆಳಗೆ. ಅವರು ಸೋವಿಯತ್ ಕಾಲದಲ್ಲಿ 35 ಎಂಎಂ ಫಿಲ್ಮಿನ ಮೇಲೆ ಕೆಲಸ ಶುರು ಮಾಡಿದವರು. ಮಾತು ಕಡಿಮೆ. ಮೊದಲ ತಿಂಗಳು ಟ್ರೈಪಾಡ್ ಹೊತ್ತೆ. ಸಂಬಳ ಆಗಿನ ನಾಣ್ಯ ಕ್ರೋನ್‌ನಲ್ಲಿ. 2011ರ ಜನವರಿಯಿಂದ ಯೂರೋ ಬಂತು, 15 ಚಿಲ್ಲರೆ ಕ್ರೋನ್‌ಗೆ ಒಂದು ಯೂರೋ. ಸಂಬಳ ಇದ್ದಕ್ಕಿದ್ದಂತೆ ಚಿಕ್ಕದಾಗಿ ಕಾಣತೊಡಗಿತು!

ಭಾಷೆಗೆ ಹೆದರಿದ್ದೆ. ಇವರು ನಮಸ್ಕಾರಕ್ಕೆ "ತೆರೆ" ಅನ್ನುತ್ತಾರೆ. ಮೊದಲ ದಿನ ಎಲ್ಲರೂ ನನಗೆ ಬಾಗಿಲು ತೆರೆಯಲು ಹೇಳುತ್ತಿದ್ದಾರೇನೋ ಅನ್ನಿಸಿತ್ತು. ಆಮೇಲೆ ನೋಡಿದರೆ ಇದರ ಕಟ್ಟು ನಮ್ಮದರ ಹಾಗೇ ಇದೆ. ಮಯ ಅಂದರೆ ಮನೆ, ಮಯಸ್ ಅಂದರೆ ಮನೆಯಲ್ಲಿ, ಮಯಸ್ತ್ ಅಂದರೆ ಮನೆಯಿಂದ. ಬಾಲಕ್ಕೆ ಬಾಲ ಅಂಟಿಸುತ್ತಾ ಹೋಗುವುದು. ವಿಭಕ್ತಿಗಳು 14, ಅದೊಂದು ಮಾತ್ರ ಜಾಸ್ತಿಯಾಯಿತು. ಜೊತೆಗಿದ್ದ ಯುರೋಪಿನ ಹುಡುಗರು ಒದ್ದಾಡುತ್ತಿದ್ದಾಗ ನಾನು ಎರಡು ವರ್ಷಕ್ಕೇ ಅಡುಗೆಮನೆ ಮಾತು ಹಿಡಿದೆ. ಸಾಕ್ಷ್ಯಚಿತ್ರದವರಿಗೆ ಬೇಕಾದದ್ದೂ ಅದೇ. ಯಾವ ಮಾತು ಮುಗಿಯಿತು, ಯಾವುದು ಇನ್ನೂ ಬರಬೇಕಿದೆ ಅಂತ ಕಿವಿಗೆ ಗೊತ್ತಾಗದಿದ್ದರೆ ಕೈ ತಪ್ಪಾದ ಹೊತ್ತಲ್ಲಿ ಕ್ಯಾಮೆರಾ ನಿಲ್ಲಿಸುತ್ತದೆ. ಇಲ್ಲಿಯವರು ಎರಡು ವಾಕ್ಯದ ನಡುವೆ ಎಷ್ಟು ಹೊತ್ತು ಬೇಕಾದರೂ ಸುಮ್ಮನಿರುತ್ತಾರೆ. ನಾವಾದರೆ ಮಧ್ಯೆ "ಹೂಂ, ಆಮೇಲೆ?" ಅಂದುಬಿಡುತ್ತೇವೆ, ಅಲ್ವಾ? ಆ "ಹೂಂ" ಬಿಡಲು ನನಗೆ ಒಂದು ವರ್ಷ ಹಿಡಿಯಿತು.

ಬೆಳಕಿನ ಪಾಠ ಬೇರೆಯೇ. ಊರಿನಲ್ಲಿ ಹನ್ನೊಂದರಿಂದ ಮೂರರವರೆಗೆ ನೆತ್ತಿ ಬಿಸಿಲು ಅಂತ ಶೂಟಿಂಗ್ ತಪ್ಪಿಸುತ್ತೇವೆ. ತಾಲಿನ್‌ನಲ್ಲಿ ಡಿಸೆಂಬರ್‌ ನಡುಮಧ್ಯಾಹ್ನವೂ ಸೂರ್ಯ ದಿಗಂತದಿಂದ ಏಳೆಂಟು ಡಿಗ್ರಿಗಿಂತ ಹೆಚ್ಚು ಏರುವುದಿಲ್ಲ. ಬೆಳಿಗ್ಗೆ ಒಂಬತ್ತು ಕಾಲಿಗೆ ಹುಟ್ಟಿ, ಮಧ್ಯಾಹ್ನ ಮೂರೂ ಕಾಲಿಗೆ ಮುಳುಗುತ್ತದೆ. ಮೋಡವಿಲ್ಲದ ದಿನ ಸಿಕ್ಕರೆ ಇಡೀ ದಿನ ಸಂಜೆ ಬಿಸಿಲು. ಆದರೆ ಅಂಥ ದಿನ ಸಿಗುವುದು ಅಪರೂಪ. ಹಿಮದ ಮೇಲೆ ಕ್ಯಾಮೆರಾದ ಬೆಳಕಿನ ಮೀಟರ್ ನಂಬಿದರೆ ಬಿಳಿ ಹೋಗಿ ಬೂದಿ ಬಣ್ಣ ಬರುತ್ತದೆ. ಅದು ಹೇಳಿದ್ದಕ್ಕಿಂತ ಒಂದು, ಒಂದೂವರೆ ಸ್ಟಾಪ್ ಹೆಚ್ಚು ತೆರೆಯಲೇಬೇಕು (ಒಂದು ಸ್ಟಾಪ್ ಅಂದರೆ ಎರಡು ಪಟ್ಟು ಬೆಳಕು).

ಮೊದಲ ಚಳಿಗಾಲ ಮಾಡಿದ ತಪ್ಪು ಈಗಲೂ ನೆನಪಿದೆ. ಮೈನಸ್ 18ರಲ್ಲಿ ಎರಡು ಗಂಟೆ ಹೊರಗಿದ್ದು, ಸೋನಿ ಇಎಕ್ಸ್-1 ಹಿಡಿದುಕೊಂಡು ಸೀದಾ ಬೆಚ್ಚಗಿನ ಅಡುಗೆಮನೆಗೆ ನುಗ್ಗಿದೆ. ಒಳಗೆ ಅಜ್ಜಿ ರೈ ರೊಟ್ಟಿ ಒಲೆಯಿಂದ ತೆಗೆಯುತ್ತಿದ್ದಳು. ಲೆನ್ಸ್ ಮೇಲೆ, ಅದರ ಒಳಗಿನ ಗಾಜಿನ ಮೇಲೂ ನೀರು ಕಟ್ಟಿಕೊಂಡಿತು. ಒರೆಸಿದರೆ ಹೋಗುವಂಥದ್ದಲ್ಲ. ಕ್ಯಾಮೆರಾ ಸರಿಹೋಗುವಷ್ಟರಲ್ಲಿ ನಾವು ರೊಟ್ಟಿ ತಿಂದು ಮುಗಿಸಿದ್ದೆವು. ಗುರುಗಳು ಬೈಯಲಿಲ್ಲ. ಮಾರನೇ ದಿನ ಒಂದು ದಪ್ಪ ಪ್ಲಾಸ್ಟಿಕ್ ಚೀಲ ತಂದುಕೊಟ್ಟರು. ಹೊರಗೇ ಕ್ಯಾಮೆರಾವನ್ನು ಚೀಲಕ್ಕೆ ಹಾಕಿ, ಗಾಳಿ ಹಿಂಡಿ ಬಾಯಿ ಕಟ್ಟಿ ಒಳಗೆ ತರಬೇಕು. ಎರಡು ಗಂಟೆ ಬಾಗಿಲ ಹತ್ತಿರ ಹಾಗೇ ಬಿಡಬೇಕು. ತೇವ ಕಟ್ಟಿದರೆ ಚೀಲಕ್ಕೆ ಕಟ್ಟುತ್ತದೆ. ಬ್ಯಾಟರಿಗಳು ಅಂಗಿಯ ಒಳಜೇಬಿನಲ್ಲಿ, ಮೈಗೆ ತಾಗಿಕೊಂಡಿರಬೇಕು. ಒಳಗೂ ಹೊರಗೂ ಚಿತ್ರ ಬೇಕಿದ್ದರೆ ಎರಡು ಕ್ಯಾಮೆರಾ ಇಟ್ಟುಕೊಳ್ಳುವುದೇ ವಾಸಿ.

ಎರಡನೇ ಚಳಿಗಾಲ ಸಮುದ್ರ ಗಟ್ಟಿಯಾಗಿ ಹೆಪ್ಪುಗಟ್ಟಿತು. ಹೀಯುಮಾ ದ್ವೀಪಕ್ಕೆ ಕಡಲ ಮೇಲೇ ರಸ್ತೆ ತೆರೆದರು. ಸುಮಾರು 25 ಕಿಲೋಮೀಟರ್. ಅಲ್ಲಿಯ ನಿಯಮಗಳು ಕೇಳಿದರೆ ತಮಾಷೆ ಅನ್ನಿಸುತ್ತದೆ. ಸೀಟ್ ಬೆಲ್ಟ್ ಹಾಕಬಾರದು, ಮಂಜುಗಡ್ಡೆ ಒಡೆದರೆ ಹೊರಗೆ ಹಾರಬೇಕಲ್ಲ. ಮುಂದಿನ ಗಾಡಿಗೂ ನಮಗೂ 250 ಮೀಟರ್ ಅಂತರ. ವೇಗ 25ಕ್ಕಿಂತ ಕಡಿಮೆ ಇರಬೇಕು, ಇಲ್ಲವೇ 40ರಿಂದ 70ರ ಒಳಗೆ. ನಡುವಿನ ವೇಗದಲ್ಲಿ ಹೋದರೆ ಗಡ್ಡೆಯ ಕೆಳಗಿನ ನೀರು ಅಲೆಯಾಗಿ ಎದ್ದು ಗಡ್ಡೆಯನ್ನೇ ಒಡೆಯುತ್ತದಂತೆ. ನಿಲ್ಲಿಸುವಂತೆಯೇ ಇಲ್ಲ. ದಾರಿಯಲ್ಲಿ ಒಂದು ಕಡೆ ಮಂಜು ಎದ್ದು, ಸೂರ್ಯ ಅದರೊಳಗೆ ಕುಂಕುಮ ಕಲಸಿದ ಹಾಗೆ ಕಂಡ. "ಒಂದೇ ನಿಮಿಷ ನಿಲ್ಲಿಸಿ" ಅಂದೆ. ಗುರುಗಳು ಕಿಟಕಿ ಇಳಿಸಿದರು, ಗಾಡಿ ನಿಲ್ಲಿಸಲಿಲ್ಲ. ಅಲುಗಾಡುವ ಗಾಡಿಯಿಂದ ತೆಗೆದ ಆ 40 ಸೆಕೆಂಡು ಚಿತ್ರದಲ್ಲಿ ಉಳಿಯಿತು. ಕಾಯುವುದಕ್ಕೂ ಜಾಗ ಬೇಕು ಅಂತ ಅವತ್ತು ಗೊತ್ತಾಯಿತು.

ನಿರ್ಮಾಪಕನಾದದ್ದು ಆಸೆಯಿಂದಲ್ಲ, ಲೆಕ್ಕದಿಂದ. ಈ ದೇಶದ ಜನ 13 ಲಕ್ಷ ಚಿಲ್ಲರೆ. ಅವರೆಲ್ಲ ಟಿಕೆಟ್ ಕೊಂಡರೂ ಸಾಕ್ಷ್ಯಚಿತ್ರದಿಂದ ಹೊಟ್ಟೆ ತುಂಬುವುದಿಲ್ಲ. ಅದಕ್ಕೇ ಇಲ್ಲಿ ಒಬ್ಬರೇ ಎರಡು ಮೂರು ಕೆಲಸ ಹೊರುತ್ತಾರೆ. ಮಾರ್ಕ್ ಸೋಸಾರ್ ಚಿತ್ರ ಮಾಡಿದ್ದಲ್ಲದೆ 1987ರಲ್ಲಿ ಪ್ಯಾರ್ನು ಊರಿನಲ್ಲಿ ಚಿತ್ರೋತ್ಸವವನ್ನೇ ಶುರು ಮಾಡಿದರು. ಲೆನ್ನಾರ್ಟ್ ಮೆರಿ ಸೋವಿಯತ್ ಕಾಲದಲ್ಲಿ ದೂರದ ಬುಡಕಟ್ಟುಗಳ ನಡುವೆ ಓಡಾಡಿ ಸಾಕ್ಷ್ಯಚಿತ್ರ ತೆಗೆದವರು, 1992ರಲ್ಲಿ ರಾಷ್ಟ್ರಪತಿಯಾದರು. ಆಯಿಗೆ ಇದನ್ನು ಹೇಳಿದಾಗ ಮೊದಲ ಬಾರಿ ನನ್ನ ಕೆಲಸದ ಮೇಲೆ ಸ್ವಲ್ಪ ನಂಬಿಕೆ ಬಂದ ಹಾಗಿತ್ತು.

ದುಡ್ಡು ಬರುವ ದಾರಿ ಹೀಗೆ. ಮೊದಲು ಸಂಸ್ಕೃತಿ ನಿಧಿ, ಎಲ್ಲರ ಬಾಯಲ್ಲಿ "ಕುಲ್ಕಾ". ಹೆಂಡ, ತಂಬಾಕು, ಜೂಜು ಇವುಗಳ ಮೇಲಿನ ತೆರಿಗೆಯ ಒಂದು ಪಾಲು ಇದಕ್ಕೆ ಬರುತ್ತದೆ. ಊರವರು ಕುಡಿದಷ್ಟೂ ನಮಗೆ ಶೂಟಿಂಗ್. ಅಲ್ಲಿ ಸಿಕ್ಕ ಸಣ್ಣ ಹಣದಲ್ಲಿ ಹತ್ತು ದಿನ ಚಿತ್ರೀಕರಿಸಿ, ಮೂರು ನಿಮಿಷದ ಟೀಸರ್ ಕಟ್ಟಬೇಕು. ಅದನ್ನು ತೋರಿಸಿ ಟಿವಿ ಚಾನೆಲ್ಲಿನಿಂದ ಒಂದು ಪತ್ರ ಪಡೆಯಬೇಕು. ಆ ಪತ್ರ ಹಿಡಿದು ಎಸ್ಟೋನಿಯಾದ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಅರ್ಜಿ. ಇನ್ನೂ ಸಾಲದಿದ್ದರೆ ಲಾಟ್ವಿಯಾದಲ್ಲೋ ಫಿನ್‌ಲ್ಯಾಂಡಿನಲ್ಲೋ ಪಾಲುದಾರರನ್ನು ಹುಡುಕಬೇಕು. ಎಲ್ಲ ಆದ ಮೇಲೂ ಒಂದು ತೂತು ಉಳಿದೇ ಉಳಿಯುತ್ತದೆ. ಅದನ್ನು ನನ್ನ ಕ್ಯಾಮೆರಾ ಬಾಡಿಗೆಯನ್ನೂ ಅರ್ಧ ಸಂಬಳವನ್ನೂ "ಸ್ವಂತ ಹೂಡಿಕೆ" ಅಂತ ಬರೆದು ಮುಚ್ಚಿದೆ. ಬಜೆಟ್ ಹಾಳೆಯಲ್ಲಿ ಲೈಟಿಗೆ ಸಾಲು ಇದೆ, ಪೆಟ್ರೋಲಿಗೆ ಇದೆ. ಕಾಯುವುದಕ್ಕೆ ಇಲ್ಲ.

ನನ್ನ ಮೊದಲ ನಿರ್ಮಾಣ ಕಿಹ್ನು ದ್ವೀಪದ್ದು. 7 ಕಿಲೋಮೀಟರ್ ಉದ್ದದ ದ್ವೀಪ. ಗಂಡಸರು ತಲೆಮಾರುಗಳಿಂದ ಕಡಲಿಗೆ ಹೋದವರು, ಊರು ನಡೆಸಿದ್ದು ಹೆಂಗಸರು. ತಾವೇ ಮಗ್ಗದಲ್ಲಿ ನೇಯ್ದ ಪಟ್ಟೆಪಟ್ಟೆ ಉಣ್ಣೆ ಲಂಗವನ್ನು ದಿನವೂ ಉಡುತ್ತಾರೆ. ಹಬ್ಬಕ್ಕೆ ಎತ್ತಿಡುವ ವೇಷ ಅಲ್ಲ ಅದು. ಲಂಗ ಕೆಂಪಗಿದ್ದರೆ ಮನೆಯಲ್ಲಿ ಸುಖ. ಸಾವಾದರೆ ಕಪ್ಪು, ಕಡುನೀಲಿ. ದಿನ ಕಳೆದಂತೆ ಕೆಂಪು ಗೀರುಗಳು ಒಂದೊಂದಾಗಿ ವಾಪಸ್ ಬರುತ್ತವೆ.

ಲಾಟ್ವಿಯಾದ ರಿಗಾದಲ್ಲಿ, ಹಣ ಹಾಕುವವರ ಮುಂದೆ ಚಿತ್ರದ ಯೋಚನೆ ಹೇಳುವ ಪಿಚಿಂಗ್‌ಗೆ ಹೋದಾಗ ಒಬ್ಬರು ಕೇಳಿದರು, "ಇದನ್ನು ನೀವು ಯಾಕೆ ಮಾಡಬೇಕು? ಭಾರತದವರು?" ಸಿದ್ಧಪಡಿಸಿದ ಉತ್ತರ ಮರೆತುಹೋಯಿತು. ನಮ್ಮ ಮುತ್ತಜ್ಜಿಯ ಸುದ್ದಿ ಹೇಳಿದೆ. ಗಂಡ ಸತ್ತಾಗ ಅವಳಿಗೆ ಇಪ್ಪತ್ತು ದಾಟಿರಲಿಲ್ಲ. ತಲೆ ಬೋಳಿಸಿ ಕೆಂಪು ಸೀರೆ ಉಡಿಸಿದರು. ಸಾಯುವವರೆಗೂ ಅದೇ ಕೆಂಪು. ನಮ್ಮ ಮನೆಯಲ್ಲಿ ಕೆಂಪು ಅಂದರೆ ಬದುಕು ಮುಗಿಯಿತು ಅಂತ. ಇಲ್ಲಿ ಅದೇ ಬಣ್ಣ ಬದುಕು ವಾಪಸ್ ಬಂತು ಅನ್ನುತ್ತದೆ. ನನಗೆ ಅದನ್ನು ನೋಡಬೇಕು ಅಂದೆ. ಪಾಲುದಾರರು ಸಿಕ್ಕರು.

ಚಿತ್ರದಲ್ಲಿದ್ದದ್ದು ಅರವತ್ತರ ಒಬ್ಬ ವಿಧವೆ. ಅವಳ ಕಡುನೀಲಿ ಲಂಗದಿಂದ ಶುರು ಮಾಡಿ, ಕೆಂಪು ಗೀರಿನ ಲಂಗ ಉಡುವ ದಿನಕ್ಕೆ ಮುಗಿಸುವುದು ನನ್ನ ಲೆಕ್ಕ. ಮುನಲೈದ್ ಬಂದರಿನಿಂದ ಫೆರಿ ಹತ್ತಿ ಎಷ್ಟು ಸಲ ಹೋದೆನೋ. ಅವಳು ಮಗ್ಗದಲ್ಲಿ ಹೊಸ ಲಂಗ ನೇಯ್ದಳು, ನಾನು ಚಿತ್ರಿಸಿದೆ. ಮಡಚಿ ಪೆಟ್ಟಿಗೆಯಲ್ಲಿಟ್ಟಳು, ಚಿತ್ರಿಸಿದೆ. "ಯಾವಾಗ ಉಡುತ್ತೀರಿ?" ಅಂತ ಕೇಳಿದೆ. "ನನಗೇನು ಗೊತ್ತು? ಒಂದು ಬೆಳಿಗ್ಗೆ ಕೈ ತಾನಾಗೇ ಹೋಗುತ್ತೆ" ಅಂದಳು.

ಮೂರು ವಾರ ದ್ವೀಪದಲ್ಲೇ ಇದ್ದೆ. ಕೈ ಹೋಗಲಿಲ್ಲ. ಅಷ್ಟರಲ್ಲಿ ಅಕೌಂಟು ಖಾಲಿ. ತಾಲಿನ್‌ನಲ್ಲಿ ಒಂದು ಜಾಹೀರಾತಿನ ಕೆಲಸ ಬಂತು, ಎರಡು ದಿನಕ್ಕೆ ಒಂದು ತಿಂಗಳ ಬಾಡಿಗೆ ಸಿಗುವಷ್ಟು. ನಿರ್ಮಾಪಕ ಹೋಗು ಅಂದ. ಕ್ಯಾಮೆರಾಮನ್ ಬೇಡ ಅಂದ. ಇಬ್ಬರೂ ನಾನೇ. ಹೋದೆ. ಎರಡನೇ ದಿನ ಮೊಸರಿನ ಡಬ್ಬಿಗೆ ಲೈಟ್ ಮಾಡುತ್ತಿದ್ದಾಗ ಫೋನ್ ಬಂತು. ಅವಳೇ.

"ಉಟ್ಟೆ" ಅಂದಳು. ಅಷ್ಟೇ.

ರಾತ್ರಿಯೇ ಗಾಡಿ ಓಡಿಸಿಕೊಂಡು ಹೋಗಿ ಬೆಳಗಿನ ಫೆರಿ ಹಿಡಿದೆ. ಅಂಗಳದಲ್ಲಿ ಕೆಂಪು ಗೀರಿನ ಲಂಗದಲ್ಲಿ ಕೋಳಿಗಳಿಗೆ ಕಾಳು ಹಾಕುತ್ತಿದ್ದಳು. "ಬೇಕಿದ್ದರೆ ಪೆಟ್ಟಿಗೆಯಿಂದ ಇನ್ನೊಂದು ಸಲ ತೆಗೆದು ತೋರಿಸಲಾ?" ಅಂತ ಅವಳೇ ಕೇಳಿದಳು. ಬೇಕು ಅನ್ನುವುದು ನಾಲಿಗೆ ತುದಿಗೆ ಬಂದಿತ್ತು. ಬೇಡ ಅಂದೆ. ಈಗಲೂ ಆ ನಿರ್ಧಾರದ ಬಗ್ಗೆ ನನಗೆ ಪೂರ್ತಿ ಸಮಾಧಾನವಿಲ್ಲ. ಚಿತ್ರದಲ್ಲಿ ಆ ಜಾಗದಲ್ಲಿ ಮುಚ್ಚಿದ ಪೆಟ್ಟಿಗೆ, ಆಮೇಲೆ ಕೋಳಿಗಳು.

ಇಷ್ಟೆಲ್ಲ ಆದ ಮೇಲೂ ತಪ್ಪು ಮಾಡಿದೆ. ಚಿತ್ರದ ಬಣ್ಣ ಹದಗೊಳಿಸುವ ಗ್ರೇಡಿಂಗ್ ಹೊತ್ತಿಗೆ ಮಾರ್ಚ್ ತಿಂಗಳ ದೃಶ್ಯಗಳು ಸಪ್ಪೆ ಅನ್ನಿಸಿದವು. ಕಲರಿಸ್ಟ್‌ಗೆ ಹೇಳಿ ಕೆಂಪನ್ನು ಸ್ವಲ್ಪ ಎತ್ತಿಸಿದೆ. ಊರವರಿಗೆ ಮೊದಲು ತೋರಿಸಿದಾಗ ಅವಳು ಎರಡನೇ ಸಾಲಿನಲ್ಲಿ ಕೂತಿದ್ದಳು. ಮುಗಿದ ಮೇಲೆ ನನ್ನ ತೋಳು ಹಿಡಿದು, "ಚೆನ್ನಾಗಿದೆ. ಆದರೆ ಮಾರ್ಚ್‌ನಲ್ಲಿ ನನ್ನ ಲಂಗ ಇಷ್ಟು ಕೆಂಪಿರಲಿಲ್ಲ. ನೋಡಿದವರು ಗಂಡನನ್ನು ಬೇಗ ಮರೆತಳು ಅಂದುಕೊಳ್ಳುತ್ತಾರೆ" ಅಂದಳು. ಅವಳ ಮೂರು ಎಳೆ ಕೆಂಪನ್ನು ನಾನು ಸ್ಟುಡಿಯೋದಲ್ಲಿ ಕೂತು ಹಬ್ಬ ಮಾಡಿಬಿಟ್ಟಿದ್ದೆ. ಒಂಬತ್ತು ದೃಶ್ಯ ತಿದ್ದಿದೆವು. ಎರಡು ದಿನದ ಬಿಲ್ಲು ಬಂತು. ಕ್ಯಾಮೆರಾಮನ್ ಮಾಡಿದ ತಪ್ಪಿಗೆ ನಿರ್ಮಾಪಕ ದುಡ್ಡು ಕಟ್ಟಿದ. ಒಟ್ಟು 140 ಗಂಟೆ ಚಿತ್ರಿಸಿದ್ದು 52 ನಿಮಿಷಕ್ಕೆ ಇಳಿಯಿತು.

ಆಮೇಲಿನ ಚಿತ್ರಗಳಿಗೆ ಒಂದು ಪದ್ಧತಿ ಮಾಡಿಕೊಂಡೆ. ಬಜೆಟ್ಟಿನಲ್ಲಿ ದೊಡ್ಡ ಕ್ಯಾಮೆರಾ ತೆಗೆದು ಚಿಕ್ಕದು ಹಾಕುತ್ತೇನೆ, ಸಹಾಯಕರನ್ನು ಒಬ್ಬರಿಗೆ ಇಳಿಸುತ್ತೇನೆ. ಉಳಿದ ದುಡ್ಡನ್ನು ದಿನಗಳಿಗೆ ಹಂಚುತ್ತೇನೆ. ಹತ್ತು ದಿನದ ಶೂಟಿಂಗ್ ಮೂವತ್ತಾಗುತ್ತದೆ. ಚಿತ್ರ ಸ್ವಲ್ಪ ಮಬ್ಬಾದರೂ ನಾನು ಅಲ್ಲಿರುತ್ತೇನೆ. ಅನ್ನಾ ಹಿಂಟ್ಸ್ ಅವರ ಹೊಗೆ ಸೌನಾದ, ಅಂದರೆ ಹಬೆ ಸ್ನಾನದ ಮನೆಯ, ಸಾಕ್ಷ್ಯಚಿತ್ರಕ್ಕೆ 2023ರಲ್ಲಿ ಅಮೆರಿಕದ ಚಿತ್ರೋತ್ಸವ ಸನ್‌ಡ್ಯಾನ್ಸ್‌ನಲ್ಲಿ ನಿರ್ದೇಶನ ಪ್ರಶಸ್ತಿ ಬಂದಾಗ ಎಲ್ಲರೂ ಅದರ ಬೆಳಕನ್ನು ಹೊಗಳಿದರು. ಹೊಗಳಬೇಕಾದದ್ದೇ. ನನ್ನ ಕಣ್ಣು ಹೋದದ್ದು ಮಾತ್ರ ಅದಕ್ಕೆ ಹಿಡಿದ ಏಳು ವರ್ಷದ ಮೇಲೆ.

ಈಗ ಸೋಮಾದಲ್ಲಿ ಒಂದು ಕೆಲಸ ನಡೆದಿದೆ. ಜೌಗು ನಾಡು. ಹಿಮ ಕರಗುವಾಗ ಹೊಳೆಗಳು ಉಕ್ಕಿ ರಸ್ತೆ, ಹೊಲ ಎಲ್ಲ ಮುಳುಗುತ್ತದೆ. ಇಲ್ಲಿಯವರು ಇದಕ್ಕೆ ಐದನೇ ಋತು ಅನ್ನುತ್ತಾರೆ. ಆಗ ಮನೆಯಿಂದ ಮನೆಗೆ ಹೋಗಲು ಒಂದೇ ಆಸ್ಪೆನ್ ಮರ ಕೊರೆದು, ಬೆಂಕಿ ನೀರು ತಾಗಿಸಿ ಅಗಲ ಮಾಡಿದ ದೋಣಿ, ಹಾಬ್ಯಾಸ್. ನಮ್ಮ ಶರಾವತಿಯ ಪಾತಿ ದೋಣಿಗೆ ದೂರದ ನೆಂಟ. ಮಾಡಬಲ್ಲವರು ಕೆಲವೇ ಜನ, 2021ರಲ್ಲಿ ಯುನೆಸ್ಕೊ ಇದನ್ನು ತುರ್ತಾಗಿ ಉಳಿಸಬೇಕಾದ ಪಟ್ಟಿಗೆ ಸೇರಿಸಿತು. ನನ್ನ ದೋಣಿಗಾರ ಹೊಸ ಹಾಬ್ಯಾಸ್ ಮುಗಿಸಿ ಅಂಗಳದಲ್ಲಿ ಮಗುಚಿ ಇಟ್ಟಿದ್ದಾನೆ. ಪ್ರವಾಹ ಅಂಗಳಕ್ಕೆ ಬಂದಾಗ ಅಲ್ಲಿಂದಲೇ ತೇಲಿಸುತ್ತಾನಂತೆ. ಹೋದ ವರ್ಷ ನೀರು ಅಷ್ಟು ಏರಲಿಲ್ಲ. ಈ ವರ್ಷ ಬೇಲಿಯವರೆಗೆ ಬಂದಿದೆ ಅಂತ ನಿನ್ನೆ ಫೋನ್ ಮಾಡಿದ.

"ಬರುತ್ತೀಯಾ? ಏರುತ್ತೆ ಅಂತ ನಾನೇನೂ ಮಾತು ಕೊಡಲ್ಲ" ಅಂದ.

ಬಜೆಟ್ ಹಾಳೆ ತೆಗೆದು ನೋಡಿದೆ. ಹನ್ನೊಂದು ದಿನದ ಶೂಟಿಂಗ್ ಬಾಕಿ ಇದೆ. ಬ್ಯಾಟರಿ ಚಾರ್ಜಿಗೆ ಹಾಕಿದ್ದೇನೆ.