ಮಾತು ಹೊರಡುವ ಮುನ್ನ ಒಂದು ಉಸಿರು: ಮನೆಯಲ್ಲೇ ಮೌನಧ್ಯಾನ ಮಾಡುವುದು ಹೇಗೆ?

ಮೌನಧ್ಯಾನದ ಮಾತೆತ್ತಿದರೆ ಕಲಬುರಗಿ ಕಡೆ ಸಾಮಾನ್ಯವಾಗಿ ಬರುವ ಉತ್ತರ, ‘ಅದೆಲ್ಲ ಸಂಸಾರ ಬಿಟ್ಟವರಿಗೆ, ನಮಗೆಲ್ಲಿ ಪುರುಸೊತ್ತು?’ ಇದನ್ನು ನಾನು ಒಪ್ಪುವುದಿಲ್ಲ. ಈ ನೆಲದ ಇತಿಹಾಸವೂ ಒಪ್ಪುವುದಿಲ್ಲ. ಹನ್ನೆರಡನೇ ಶತಮಾನದ ಕಲ್ಯಾಣದ ಶರಣರು ದುಡಿದು ಉಂಡವರು. ಮಡಿವಾಳ ಮಾಚಿದೇವ ಬಟ್ಟೆ ಒಗೆದರು, ನುಲಿಯ ಚಂದಯ್ಯ ಹಗ್ಗ ಹೊಸೆದರು. ಕಾಯಕದ ನಡುವೆಯೇ ಇಷ್ಟಲಿಂಗವನ್ನು ಎಡ ಅಂಗೈಯಲ್ಲಿ ಹಿಡಿದು, ದೃಷ್ಟಿ ನೆಟ್ಟು ಸುಮ್ಮನೆ ಕೂರುವ ಪದ್ಧತಿ ಬೆಳೆದು ಬಂತು. ಕಲಬುರಗಿಯ ಖಾಜಾ ಬಂದೇನವಾಜರು ಸೇರಿದ ಚಿಸ್ತಿ ಸೂಫಿ ಪರಂಪರೆಯಲ್ಲಿ ತುಟಿ ಅಲುಗಿಸದೆ ಮಾಡುವ ಸ್ಮರಣೆಯಿದೆ, ಉಸಿರಿನ ಮೇಲೆ ನಿಗಾ ಇಡುವ ಸಾಧನೆಯೂ ಇದೆ. ಭೀಮಾ ತೀರದ ಸನ್ನತಿ ಬಳಿಯ ಕನಗನಹಳ್ಳಿಯ ಬೌದ್ಧ ಸ್ತೂಪವಂತೂ ಈ ಎರಡಕ್ಕಿಂತ ಬಹಳ ಹಿಂದಿನದು. ಬುದ್ಧ ಕಲಿಸಿದ ಉಸಿರಿನ ಧ್ಯಾನಕ್ಕೆ ಆನಾಪಾನ ಎಂದು ಹೆಸರು. ಕೆಳಗೆ ಹೇಳಿರುವ ವಿಧಾನ ಅದೇ. ಯಾವ ಮತದವರೂ ಮಾಡಬಹುದು.

ಜಾಗ, ಹೊತ್ತು

ನಸುಕಿನ ಹೊತ್ತು ಉತ್ತಮ. ಏಪ್ರಿಲ್–ಮೇನಲ್ಲಿ ಇಲ್ಲಿ ಬಿಸಿಲು 40 ಡಿಗ್ರಿ ದಾಟುತ್ತದೆ. ಆಗ ಸೂರ್ಯ ಏರಿದ ಮೇಲೆ ಕೂತರೆ ಬೆವರು ಒರೆಸಿಕೊಳ್ಳುವುದರಲ್ಲೇ ಹೊತ್ತು ಹೋಗುತ್ತದೆ. ಮಾಳಿಗೆ ಇದ್ದರೆ ಅಲ್ಲಿ ಕೂಡಿ, ಇಲ್ಲವೇ ಮನೆಯ ಒಂದು ಮೂಲೆ ಸಾಕು. ಶಹಾಬಾದಿ ಪರಸಿ ಮೇಲೆ ಹಾಗೇ ಕೂಡಬೇಡಿ. ಚಳಿಗಾಲದಲ್ಲಿ ಕಲ್ಲಿನ ತಂಪು ಸೊಂಟಕ್ಕೆ ಹತ್ತುತ್ತದೆ. ಹಳೇ ಕೌದಿಯನ್ನು ನಾಲ್ಕು ಮಡಿಕೆ ಮಾಡಿ ಹಾಕಿಕೊಳ್ಳಿ. ಮೊಣಕಾಲು ನೋವಿದ್ದರೆ ಕುರ್ಚಿಯೇ ಸರಿ. ಪಾದ ನೆಲಕ್ಕೆ ತಾಗಿರಲಿ, ಬೆನ್ನು ನೆಟ್ಟಗಿರಲಿ, ಹೆಗಲು ಸಡಿಲವಾಗಿರಲಿ. ಪದ್ಮಾಸನ ಬರದಿದ್ದರೆ ಏನೂ ಕೊರತೆಯಿಲ್ಲ.

ಫೋನು ಬೇರೆ ಕೋಣೆಯಲ್ಲಿರಲಿ. ಪಕ್ಕದಲ್ಲಿ ಸೈಲೆಂಟ್ ಮಾಡಿ ಇಟ್ಟುಕೊಂಡರೆ ಮನಸ್ಸಿನ ಅರ್ಧ ಭಾಗ ಅದರ ಮೇಲೇ ಇರುತ್ತದೆ.

ಕೂತ ಮೇಲೆ

ಕಣ್ಣು ಮೆಲ್ಲಗೆ ಮುಚ್ಚಿ. ಉಸಿರು ಒಳಗೆ ಹೋಗುವಾಗ, ಹೊರಗೆ ಬರುವಾಗ ಮೂಗಿನ ಹೊಳ್ಳೆಯ ಬಳಿ ಏನು ತಿಳಿಯುತ್ತದೋ ಅದನ್ನು ಗಮನಿಸಿ. ಒಳಗೆ ಹೋಗುವಾಗ ತುಸು ತಣ್ಣಗೆ, ಬರುವಾಗ ತುಸು ಬೆಚ್ಚಗೆ. ಉಸಿರನ್ನು ಎಳೆಯಬೇಡಿ, ಬಿಗಿಹಿಡಿಯಬೇಡಿ. ಇದು ಪ್ರಾಣಾಯಾಮ ಅಲ್ಲ. ಉಸಿರು ಹೇಗಿದೆಯೋ ಹಾಗೇ ಇರಲಿ, ನೀವು ಬರೀ ನೋಡಬೇಕು. ಮಂತ್ರವೂ ಬೇಡ, ಎಣಿಕೆಯೂ ಬೇಡ.

ಕಷ್ಟ ಶುರುವಾಗುವುದು ಇಲ್ಲಿಂದಲೇ. ಪಕ್ಕದ ಮನೆಯಿಂದ ರೊಟ್ಟಿ ಬಡಿಯುವ ಸಪ್ಪಳ ಕೇಳಿಸುತ್ತದೆ. ಅದು ಬರೀ ಸಪ್ಪಳ. ಆದರೆ ಮರುಕ್ಷಣಕ್ಕೆ ‘ಅವರ ಮನೆಯಲ್ಲಿ ಆಗಲೇ ಅಡುಗೆ ಶುರುವಾಯಿತು’ ಎಂಬ ಯೋಚನೆ. ಅದರ ಬೆನ್ನಿಗೆ ‘ನಮ್ಮಲ್ಲಿ ಜೋಳದ ಹಿಟ್ಟು ಮುಗಿದಿದೆ’. ಅಲ್ಲಿಂದ ಗಿರಣಿ, ಗಿರಣಿಯ ಹತ್ತಿರ ಸಿಕ್ಕ ಸಂಬಂಧಿ, ಹೋದ ವರ್ಷ ಮದುವೆಮನೆಯಲ್ಲಿ ಆ ಸಂಬಂಧಿ ಆಡಿದ ಚುಚ್ಚುಮಾತು. ಅಷ್ಟೊತ್ತಿಗೆ ದವಡೆ ಬಿಗಿದಿರುತ್ತದೆ, ಉಸಿರು ಗಿಡ್ಡವಾಗಿರುತ್ತದೆ. ರೊಟ್ಟಿ ಸಪ್ಪಳಕ್ಕೂ ಈ ಸಿಟ್ಟಿಗೂ ಏನು ಸಂಬಂಧ? ನಡುವೆ ಒಂದೊಂದೇ ಕೊಂಡಿ ಪೋಣಿಸಿದ್ದು ನಾವೇ. ಈ ಸರಪಳಿ ಕಣ್ಣಿಗೆ ಬೀಳುವ ಗಳಿಗೆಯೇ ಧ್ಯಾನದ ಗಳಿಗೆ. ನಿಮ್ಮನ್ನು ನೀವು ಬೈದುಕೊಳ್ಳದೆ ಮೂಗಿನ ಬಳಿಯ ಉಸಿರಿಗೆ ಮರಳಿ. ಮತ್ತೆ ಮನಸ್ಸು ಹೋಗುತ್ತದೆ, ಮತ್ತೆ ಮರಳಿ. ಮನಸ್ಸು ಖಾಲಿ ಆಗಲಿಲ್ಲ ಎಂದು ಬೇಸತ್ತು ಬಿಟ್ಟುಬಿಡುವವರು ಬಹಳ ಮಂದಿ. ಅವರಿಗೆ ಒಂದೇ ವಿನಂತಿ: ಖಾಲಿ ಮಾಡುವುದು ಇಲ್ಲಿನ ಗುರಿಯೇ ಅಲ್ಲ. ಹೋದದ್ದು ಗೊತ್ತಾಗುವುದು, ಮರಳಿ ಬರುವುದು, ಅಭ್ಯಾಸ ಎಂದರೆ ಇಷ್ಟೇ.

ಮೊದಲ ಎರಡು ವಾರ ದಿನಕ್ಕೆ ಹತ್ತು ನಿಮಿಷ ಸಾಕು. ರೂಢಿಯಾದ ಮೇಲೆ ಇಪ್ಪತ್ತಕ್ಕೆ ಏರಿಸಿ. ಒಂದು ದಿನ ಒಂದು ತಾಸು ಕೂತು ನಾಲ್ಕು ದಿನ ಬಿಡುವುದಕ್ಕಿಂತ ದಿನಾಲೂ ಹತ್ತು ನಿಮಿಷ ಎಷ್ಟೋ ಮೇಲು. ತೂಕಡಿಕೆ ಬಂದರೆ ಕಣ್ಣು ಅರೆ ತೆರೆದು ಮುಂದಿನ ನೆಲ ನೋಡಿ. ಮುಗಿದ ಕೂಡಲೇ ಫೋನಿಗೆ ಕೈ ಹಾಕಬೇಡಿ. ಎದ್ದು, ನೀರು ಕುಡಿದು, ಐದು ನಿಮಿಷ ಯಾರೊಂದಿಗೂ ಮಾತಾಡದೆ ಮನೆಯ ಒಂದು ಕೆಲಸ ಮಾಡಿ.

ದಿನದ ಗದ್ದಲದಲ್ಲಿ

ಒಳಗಿನ ಬದಲಾವಣೆ ಕೌದಿಯ ಮೇಲೆ ಕೂತಾಗ ಕಾಣುವುದಿಲ್ಲ, ವ್ಯವಹಾರದಲ್ಲಿ ಕಾಣುತ್ತದೆ. ಹೊಲದ ಪಾಲಿನ ವಿಷಯಕ್ಕೆ ಅಣ್ಣತಮ್ಮಂದಿರ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಒಂದು ಖಾರದ ಮಾತು ಬಂತು ಎನ್ನಿ. ಕಿವಿ ಬಿಸಿಯಾಗುತ್ತದೆ, ಹೆಬ್ಬೆರಳು ಆಗಲೇ ಅಕ್ಷರ ಒತ್ತುತ್ತಿರುತ್ತದೆ. ದಿನಾ ಕೂಡುವವರಿಗೆ ಆ ಕಿವಿಯ ಬಿಸಿ ಮೊದಲು ತಿಳಿಯುತ್ತದೆ. ಆಗ ಒಂದು ಉಸಿರನ್ನು ಪೂರ್ತಿ, ನಿಧಾನವಾಗಿ ಹೊರಬಿಡಿ. ಉಸಿರು ಹೊರಹೋಗುವಾಗ ಮಿದುಳಿನಿಂದ ಹೃದಯಕ್ಕೆ ಬರುವ ವೇಗಸ್ ನರದ ಮೂಲಕ ಎದೆಬಡಿತ ತುಸು ಇಳಿಯುತ್ತದೆ. ದೇಹದ ರಚನೆಯೇ ಹಾಗಿದೆ. ಆ ಬಳಿಕ ಉತ್ತರ ಬರೆಯಿರಿ. ಬರೆಯಬೇಕಾದ್ದನ್ನು ಗಟ್ಟಿಯಾಗಿಯೇ ಬರೆಯಿರಿ. ಅನ್ಯಾಯಕ್ಕೆ ಬಾಯಿ ಮುಚ್ಚಿ ಕೂಡುವುದಕ್ಕೆ ಮೌನಧ್ಯಾನ ಎಂದು ಹೆಸರಿಡಬಾರದು. ಅನುಭವ ಮಂಟಪ ನಡೆದದ್ದೇ ಮಾತಿನ ಮೇಲೆ, ಅಲ್ಲಿ ಅಲ್ಲಮಪ್ರಭುಗಳ ಪ್ರಶ್ನೆಗಳು ಹರಿತವಾಗಿದ್ದವು.

ಬಸ್‌ಸ್ಟ್ಯಾಂಡಿನ ಸಾಲು, ಮಕ್ಕಳ ಹೋಂವರ್ಕ್, ಸೊಸೆ–ಅತ್ತೆಯ ತಕರಾರು, ಎಲ್ಲದರಲ್ಲೂ ಇದೇ ಕ್ರಮ.

ಎಚ್ಚರ ಬೇಕಾದಲ್ಲಿ

ತೀವ್ರ ಖಿನ್ನತೆ, ಭ್ರಮೆ, ಹಳೆಯ ಆಘಾತದ ನೆನಪು ಕಾಡುವವರು ದೀರ್ಘ ಮೌನಕ್ಕೆ ಇಳಿಯುವ ಮೊದಲು ಮನೋವೈದ್ಯರನ್ನು ಕೇಳಲೇಬೇಕು. ಕಣ್ಣು ಮುಚ್ಚಿದ ಕೂಡಲೇ ಭಯ ಹೆಚ್ಚಿದರೆ ನಿಲ್ಲಿಸಿ, ಎದ್ದು ನಡೆದಾಡಿ. ಧ್ಯಾನ ಮಾಡುತ್ತಿದ್ದೇನೆಂದು ಮಾತ್ರೆ ಬಿಡಬೇಡಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416ಕ್ಕೆ ಯಾವ ಹೊತ್ತಿನಲ್ಲಾದರೂ ಉಚಿತವಾಗಿ ಕರೆ ಮಾಡಬಹುದು.

ಅರ್ಧ ದಿನ, ಹತ್ತು ದಿನ

ಕೆಲವು ತಿಂಗಳು ಕೂತ ಮೇಲೆ ಒಂದು ರವಿವಾರ ಮಧ್ಯಾಹ್ನದವರೆಗೆ ಮಾತು ಬಿಟ್ಟು ನೋಡಿ. ಹಿಂದಿನ ರಾತ್ರಿಯೇ ಮನೆಯವರಿಗೆ ಹೇಳಿಡಿ, ಇಲ್ಲವಾದರೆ ಮುನಿಸಿಕೊಂಡಿದ್ದೀರಿ ಎಂದುಕೊಳ್ಳುತ್ತಾರೆ. ಟಿವಿ, ಫೋನು, ಓದು ಮೂರೂ ಬೇಡ. ಸನ್ನೆ ಮಾಡುವುದೂ ಮಾತೇ ಆದ್ದರಿಂದ ಅದನ್ನೂ ಕಡಿಮೆ ಮಾಡಿ. ಕೂಡಲಾಗದ ಹೊತ್ತಿನಲ್ಲಿ ತೊಗರಿಬೇಳೆ ಹಸನು ಮಾಡಿ, ಗಿಡಕ್ಕೆ ನೀರುಣಿಸಿ. ಮನೆಯಲ್ಲಿ ಹಿರಿಯರಿಗೆ ಆರೈಕೆ ಬೇಕಿದ್ದರೆ ಅವರೊಂದಿಗೆ ಮಾತಾಡಿ, ಮೌನ ಕೆಡುವುದಿಲ್ಲ.

ಇನ್ನೂ ಆಳಕ್ಕೆ ಹೋಗಬೇಕೆನ್ನುವವರಿಗೆ ಧ್ಯಾನಗುರು ಎಸ್.ಎನ್. ಗೋಯೆಂಕಾ ಅವರು 1969ರಲ್ಲಿ ಭಾರತದಲ್ಲಿ ಆರಂಭಿಸಿದ ವಿಪಶ್ಯನಾ ಪರಂಪರೆಯ ಹತ್ತು ದಿನಗಳ ಶಿಬಿರಗಳಿವೆ. ಶುಲ್ಕವಿಲ್ಲ, ಹಿಂದೆ ಶಿಬಿರ ಮುಗಿಸಿದವರ ದಾನದಿಂದ ನಡೆಯುತ್ತವೆ. ಬೆಳಗಿನ ನಾಲ್ಕಕ್ಕೆ ಏಳಬೇಕು. ಮೊದಲ ಮೂರು ದಿನ ಆನಾಪಾನವನ್ನೇ ಮಾಡಿಸುತ್ತಾರೆ, ಹತ್ತನೇ ದಿನ ಮಾತಿಗೆ ಅವಕಾಶ. ಫೋನು ಒಪ್ಪಿಸಿ ಒಳಗೆ ಹೋಗಬೇಕಾದ್ದರಿಂದ ತುರ್ತಿಗೆ ಶಿಬಿರದ ಕಚೇರಿಯ ನಂಬರನ್ನು ಮನೆಯಲ್ಲಿ ಬರೆದಿಟ್ಟು ಬನ್ನಿ. ಒಕ್ಕಲುತನದವರು ತೊಗರಿ ಕೊಯ್ಲಿನ ಡಿಸೆಂಬರ್–ಜನವರಿ ಬಿಟ್ಟು ಬೇರೆ ತಿಂಗಳು ಆರಿಸಿಕೊಂಡರೆ ಹತ್ತು ದಿನವೂ ಹೊಲದ ಚಿಂತೆಯಿಲ್ಲದೆ ಕೂಡಬಹುದು.