ಲಿಬ್‌ಜಿಬಿಎಂ ಇಲ್ಲದೆ ಏಳದ ಕ್ರೋಮ್

ಬಿಲ್ಲುಗಳನ್ನು ಪಿಡಿಎಫ್ ಮಾಡಿಕೊಡುವ ನನ್ನ ಪುಟ್ಟ ಪ್ರೋಗ್ರಾಂ ಲ್ಯಾಪ್‌ಟಾಪಿನಲ್ಲಿ ಚೆನ್ನಾಗಿಯೇ ಓಡುತ್ತಿತ್ತು. ಡಾಕರ್‌ನ (ಪ್ರೋಗ್ರಾಂಗಳನ್ನು ಪ್ರತ್ಯೇಕ ಪೆಟ್ಟಿಗೆಯಲ್ಲಿಟ್ಟು ಓಡಿಸುವ ಸಾಧನ) ಡೆಬಿಯನ್ ಸ್ಲಿಮ್ ಇಮೇಜಿಗೆ, ಅಂದರೆ ತೀರಾ ಬೇಕಾದಷ್ಟೇ ಫೈಲುಗಳಿರುವ ಪುಟ್ಟ ಲಿನಕ್ಸಿಗೆ, ಹಾಕಿದ್ದೇ ತಡ, ಕ್ರೋಮ್ ಬ್ರೌಸರನ್ನು ಕೋಡಿನಿಂದ ನಡೆಸುವ ಪಪೆಟಿಯರ್ ಕೈಚೆಲ್ಲಿತು: 'ಲಿಬ್‌ಜಿಬಿಎಂ.ಎಸ್‌ಒ.1' ಫೈಲ್ ತೆರೆಯಲಾಗುತ್ತಿಲ್ಲವಂತೆ.

ಜಿಬಿಎಂ ಅಂದರೆ ಜೆನೆರಿಕ್ ಬಫರ್ ಮ್ಯಾನೇಜ್‌ಮೆಂಟ್. ಲಿನಕ್ಸಿನ ಗ್ರಾಫಿಕ್ಸ್ ಲೈಬ್ರರಿಯಾದ ಮೆಸಾದ ಭಾಗ, ಚಿತ್ರ ಬಿಡಿಸಲು ಬೇಕಾದ ಮೆಮೊರಿ ಬಫರುಗಳನ್ನು ಒದಗಿಸುವುದು ಇದರ ಕೆಲಸ. ಪರದೆಯೇ ಇಲ್ಲದ ಸರ್ವರ್‌ನಲ್ಲಿ ಇದೇಕೆ ಅಂದುಕೊಂಡೆ. ಆದರೆ ಕ್ರೋಮ್ ಅದಕ್ಕೆ ಲಿಂಕ್ ಆಗಿಯೇ ಬರುತ್ತದೆ, ಬಳಸಲಿ ಬಿಡಲಿ, ಶುರುವಾಗುವಾಗ ಫೈಲ್ ಇರಲೇಬೇಕು.

ಸೋಮಾರಿತನಕ್ಕೆ ಲ್ಯಾಪ್‌ಟಾಪಿನಿಂದ ಆ ಫೈಲನ್ನೇ ಕಾಪಿ ಮಾಡಿದೆ. ಪೆದ್ದು ಕೆಲಸ! ಈಗ ಇಮೇಜಿನಲ್ಲಿರುವ ಜಿಲಿಬ್‌ಸಿ (ಲಿನಕ್ಸಿನ ಮೂಲ ಸಿ ಲೈಬ್ರರಿ) ಆವೃತ್ತಿ ಸಾಲದು ಅಂತ ಹೊಸ ತಕರಾರು. ಅದನ್ನು ಅಳಿಸಿ, ಕ್ರೋಮ್ ಫೈಲಿನ ಮೇಲೆ, ಬೇಕಾದ ಲೈಬ್ರರಿಗಳ ಪಟ್ಟಿ ತೋರಿಸುವ 'ಎಲ್‌ಡಿಡಿ' ಓಡಿಸಿದೆ. 'ನಾಟ್ ಫೌಂಡ್' ಅಂತಿದ್ದದ್ದು ಒಂದೇ ಸಾಲು. ಡಾಕರ್‌ಫೈಲಿನಲ್ಲಿ ಎಪಿಟಿ (ಡೆಬಿಯನ್‌ನಲ್ಲಿ ಪ್ಯಾಕೇಜ್ ಹಾಕುವ ಸಾಧನ) ಅಪ್‌ಡೇಟ್, ಆಮೇಲೆ 'ಲಿಬ್‌ಜಿಬಿಎಂ1' ಇನ್‌ಸ್ಟಾಲ್. ಅದಕ್ಕೆ ಬೇಕಾದ ಲಿಬ್‌ಡಿಆರ್‌ಎಂ ಲೈಬ್ರರಿ ತಾನಾಗಿಯೇ ಜೊತೆಗೆ ಬಂತು, ಕ್ರೋಮ್ ಎದ್ದಿತು.

ಪಿಡಿಎಫ್ ತೆರೆದರೆ ಗಿರಾಕಿಗಳ ಹೆಸರಿನ ಜಾಗದಲ್ಲಿ ಬರೀ ಚೌಕಗಳು. ಕನ್ನಡ ಫಾಂಟೇ ಇಲ್ಲ! 'ಫಾಂಟ್ಸ್-ನೋಟೋ-ಕೋರ್' ಹಾಕಿದ ಮೇಲೆ ಅಕ್ಷರ ಮೂಡಿದವು.